ಅಪ್ಪನ ಶಾಲಿನ ಹಸಿರನ್ನು ಹುಡುಕಿಕೊಂಡು ದುರ್ಗದ ಬೈಲಿಗೆ

ಒಳ್ಳೆಯ ಹಸಿರು ಶಾಲು ಎಲ್ಲಿ ಸಿಗುತ್ತದೆ ಎಂದು ಹುಡುಕುತ್ತಿರುವವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಅಂಗಡಿ ಹುಬ್ಬಳ್ಳಿಯ ದುರ್ಗದ ಬೈಲಿನ ಹಿಂದಿನ ಓಣಿಯಲ್ಲಿದೆ. ಹತ್ತು ಅಡಿ ಅಗಲದ ಜಾಗ. ಕೈಮಗ್ಗದ ಧೋತರ, ವಸ್ತ್ರ, ಜಮಖಾನೆ, ಶಾಲು ಬಿಟ್ಟು ಬೇರೇನನ್ನೂ ಮಾರುವುದಿಲ್ಲ. ನಾನು ನಮ್ಮೂರಿನ ರೈತ ಸಂಘಕ್ಕೆ 32 ಶಾಲು ಮಾಡಿಸಿದೆ. ಒಂದಕ್ಕೆ 420 ರೂಪಾಯಿ. ಎರಡೂಕಾಲು ಮೀಟರ್ ಉದ್ದ, 36 ಇಂಚು ಅಗಲ, ಅಪ್ಪಟ ಹತ್ತಿ, ಗದಗಿನ ಬೆಟಗೇರಿಯ ಮಗ್ಗದಲ್ಲಿ ನೇಯ್ದದ್ದು. ಮೇ ತಿಂಗಳ ಕೊನೆಯಲ್ಲಿ ಹೇಳಿ ಬಂದಿದ್ದೆ, ಜುಲೈ 16ಕ್ಕೆ ಕೈಗೆ ಸಿಕ್ಕಿತು. ಬಣ್ಣ ಬಿಟ್ಟಿಲ್ಲ, ಬೆವರು ಹೀರುತ್ತದೆ, ಅಂಚು ಬಿಚ್ಚಿಲ್ಲ. ಇಷ್ಟು ಸಾಕು ಎನ್ನುವವರು ಇಲ್ಲಿಗೇ ನಿಲ್ಲಿಸಬಹುದು. ಆದರೆ 90 ರೂಪಾಯಿಗೆ ಸಿಗುವ ಶಾಲಿಗೆ 420 ಯಾಕೆ ಸುರಿಯಬೇಕು ಎಂದು ನಮ್ಮೂರಿನಲ್ಲೇ ಹತ್ತು ಜನ ಕೇಳಿದರು. ಅವರಿಗೆ ಕಟ್ಟೆಯ ಮೇಲೆ ಕುಳಿತು ಹೇಳಿದ್ದನ್ನೇ ಇಲ್ಲಿ ಸ್ವಲ್ಪ ಬಿಡಿಸಿ ಬರೆಯುತ್ತೇನೆ.

ಕಳೆದ ವರ್ಷ ನಾವೂ 90 ರೂಪಾಯಿಯವನ್ನೇ ತಂದಿದ್ದೆವು. ಜುಲೈ 21ರಂದು ನವಲಗುಂದಕ್ಕೆ ಹೋಗುವುದು ನಮ್ಮೂರಿನವರಿಗೆ ವರ್ಷದ ಕರ್ತವ್ಯ. 1980ರ ಅದೇ ದಿನ, ಕಾಲುವೆಯಲ್ಲಿ ನೀರು ಸರಿಯಾಗಿ ಬಾರದಿದ್ದರೂ ಹೇರಿದ್ದ ಅಭಿವೃದ್ಧಿ ಕರದ ವಿರುದ್ಧ ಮಲಪ್ರಭಾ ಅಚ್ಚುಕಟ್ಟಿನ ರೈತರು ಎದ್ದು ನಿಂತಾಗ ಗೋಲಿಬಾರ್ ಆಯಿತು. ನವಲಗುಂದದಲ್ಲಿ ಅಳಗವಾಡಿಯ ಬಸಪ್ಪ ಲಕ್ಕುಂಡಿ, ನರಗುಂದದಲ್ಲಿ ಚಿಕ್ಕನರಗುಂದದ ವೀರಪ್ಪ ಕಡ್ಲಿಕೊಪ್ಪ ಪ್ರಾಣ ಬಿಟ್ಟರು. ಪ್ರತಿವರ್ಷ ಅಲ್ಲಿ ಹೂವಿಟ್ಟು ಕೈ ಮುಗಿದು ಬರುತ್ತೇವೆ. ಕಳೆದ ಸಲ ಮೆರವಣಿಗೆ ಅರ್ಧ ದಾರಿಯಲ್ಲಿದ್ದಾಗ ಮಳೆ ಬಂತು. ಜಡಿಮಳೆಯೂ ಅಲ್ಲ, ಕಾಲು ಗಂಟೆ ಸುರಿದು ನಿಂತಿತು. ಅಷ್ಟಕ್ಕೇ ಶಾಲಿನ ಬಣ್ಣವೆಲ್ಲ ಅಂಗಿಗೆ ಇಳಿಯಿತು. ಹಬ್ಬಕ್ಕೆ ತೆಗೆದಿಟ್ಟಿದ್ದ ಬಿಳಿ ನೆಹರೂ ಅಂಗಿ ಹಾಕಿಕೊಂಡು ಬಂದಿದ್ದ ಹಿರಿಯರ ಕುತ್ತಿಗೆಯ ಸುತ್ತ ಹಸಿರು, ಬೆನ್ನ ಮೇಲೆ ಹಸಿರು, ಮುಖ ಒರೆಸಿಕೊಂಡವರ ಕೆನ್ನೆಯ ಮೇಲೂ ಹಸಿರು. ಎಂಬತ್ತು ದಾಟಿದ ಒಬ್ಬ ಹಿರಿಯರು ಶಾಲನ್ನು ತೆಗೆದು ಹಿಂಡಿದರು. ಕೆಳಗೆ ಹಸಿರು ನೀರು ಹರಿಯಿತು. ಅವರು ಏನೂ ಅನ್ನಲಿಲ್ಲ. ಮಡಚಿ ಕಂಕುಳಲ್ಲಿ ಇಟ್ಟುಕೊಂಡರು. ಶಾಲು ಹೊಂದಿಸುವ ಕೆಲಸ ನನ್ನದಾಗಿತ್ತು. ಅವರ ಆ ಮೌನ ನನಗೆ ಬಹಳ ದಿನ ಚುಚ್ಚಿತು. ಆ ಶಾಲು ಮಾರಿದ ಅಂಗಡಿಯ ಹೆಸರು ಹೇಳುವುದಿಲ್ಲ. ಅವರು ಕೇಳಿದ ಬೆಲೆಗೆ ತಕ್ಕ ಮಾಲು ಕೊಟ್ಟಿದ್ದರು. ಕೇಳಬೇಕಾದ ಪ್ರಶ್ನೆಗಳನ್ನು ನಾನು ಕೇಳಿರಲಿಲ್ಲ.

ಮನೆಗೆ ಬಂದು ಅಪ್ಪನ ಟ್ರಂಕ್ ತೆಗೆದೆ. ಅಪ್ಪ ತೀರಿಕೊಂಡು ಹದಿನಾಲ್ಕು ವರ್ಷವಾಯಿತು. ಅವರ ಶಾಲು ಅದರಲ್ಲೇ ಇದೆ. ಮೂವತ್ತೈದು ವರ್ಷದ ಹಿಂದಿನ ಬಟ್ಟೆ. ಬಿಸಿಲಿಗೆ ಬಣ್ಣ ತಿಳಿಯಾಗಿ, ಈಗ ಕಡಲೆಯ ಒಣಗಿದ ಸೊಪ್ಪಿನ ಹಾಗೆ ಕಾಣುತ್ತದೆ. ಆದರೆ ಬಣ್ಣ ಎಲ್ಲ ಕಡೆಯೂ ಸಮನಾಗಿ ತಿಳಿಯಾಗಿದೆ, ಎಲ್ಲಿಯೂ ಕಲೆ ಕಟ್ಟಿಲ್ಲ. ಒಂದು ಮೂಲೆಯಲ್ಲಿ ಮಾತ್ರ ನೂಲು ಸಡಿಲಾಗಿ ಬಟ್ಟೆ ಜೋತು ಬಿದ್ದಿದೆ. ಅಲ್ಲಿ ಅಪ್ಪ ಬೀಜ ಕಟ್ಟುತ್ತಿದ್ದರು. ಹೊಲದಲ್ಲಿ ಒಳ್ಳೆಯ ತೆನೆ ಕಂಡರೆ ನಾಲ್ಕು ಕಾಳು ಬಿಡಿಸಿ ಶಾಲಿನ ಮೂಲೆಗೆ ಗಂಟು ಹಾಕಿಕೊಂಡೇ ಮನೆಗೆ ಬರುತ್ತಿದ್ದರು. ಅವ್ವ ಆ ಗಂಟು ಬಿಚ್ಚಿ, ಬೂದಿಯಲ್ಲಿ ಹೊರಳಿಸಿ, ಗಡಿಗೆಯಲ್ಲಿ ಇಡುತ್ತಿದ್ದಳು. ಇಪ್ಪತ್ತು ವರ್ಷ ಗಂಟು ಹಾಕಿ ಬಿಚ್ಚಿದ ಗುರುತು ಆ ಮೂಲೆ.

ಅದೇ ಶಾಲನ್ನು ಚೀಲದಲ್ಲಿ ಹಾಕಿಕೊಂಡು ಅಂಗಡಿ ಅಂಗಡಿ ತಿರುಗಿದೆ. ಧಾರವಾಡದಲ್ಲಿ ಮೂರು ಕಡೆ ಕೇಳಿದೆ. ಇಂಥದ್ದು ಈಗ ಬರುವುದಿಲ್ಲ ಎಂದರು. ಕೊನೆಗೆ ಚಿಗರಿ ಬಸ್ ಹತ್ತಿ ಹುಬ್ಬಳ್ಳಿಗೆ ಬಂದು, ನಗರ ಬಸ್ ನಿಲ್ದಾಣವಾದ ಸಿಬಿಟಿಯಲ್ಲಿ ಇಳಿದು ದುರ್ಗದ ಬೈಲಿನವರೆಗೆ ನಡೆದೆ. ಮಧ್ಯಾಹ್ನ ಮೂರರ ಬಿಸಿಲು. ಅಂಗಡಿಯಲ್ಲಿ ಐವತ್ತರ ಆಸುಪಾಸಿನ ಹೆಣ್ಣುಮಗಳು ಕುಳಿತಿದ್ದರು, ಪಕ್ಕದಲ್ಲಿ ಅವರ ಮಗ ಲೆಕ್ಕದ ಪುಸ್ತಕ ಬರೆಯುತ್ತಿದ್ದ. ನವನಗರದಲ್ಲಿ ಕಾನೂನು ಓದುತ್ತಿರುವ ಹುಡುಗ, ಮಧ್ಯಾಹ್ನ ಅಂಗಡಿಗೆ ಬರುತ್ತಾನೆ.

‘ತಂಗೀ, ಈ ಬಣ್ಣ ಬೇಕು’ ಎಂದು ಶಾಲನ್ನು ಗಲ್ಲೆಯ ಮೇಲೆ ಹರಡಿದೆ.

ಅವರು ಅದನ್ನು ಮುಟ್ಟಿ ನೋಡಿದರು. ಬೆರಳುಗಳ ನಡುವೆ ಹಿಡಿದು ಉಜ್ಜಿದರು. ಆಮೇಲೆ ನನ್ನ ಮುಖ ನೋಡಿ, ‘ಕಾಕಾ, ನಿಮಗೆ ಬೇಕಾದದ್ದು ಈ ಬಣ್ಣವೋ, ಕೊಂಡಾಗ ಇದ್ದ ಬಣ್ಣವೋ?’ ಎಂದು ಕೇಳಿದರು.

ಬೇರೆ ಯಾವ ಅಂಗಡಿಯಲ್ಲೂ ಈ ಪ್ರಶ್ನೆ ಬಂದಿರಲಿಲ್ಲ. ಕೊಂಡಾಗ ಇದ್ದದ್ದು ಬೇಕು, ಆದರೆ ಅದು ಹೇಗಿತ್ತೆಂದು ತೋರಿಸಲು ನನ್ನ ಬಳಿ ಏನೂ ಇಲ್ಲ ಎಂದೆ. ‘ಇದೆ’ ಎಂದವರೇ ಸೂಜಿಯ ಡಬ್ಬಿ ತೆಗೆದರು. ಶಾಲಿನ ತುದಿಯನ್ನು ಎರಡು ಸಲ ಮಡಚಿ ಹೊಲಿದಿದ್ದರಲ್ಲ, ಆ ಮಡಿಕೆಯ ಹೊಲಿಗೆಯನ್ನು ಸೂಜಿಯ ಮೊನೆಯಿಂದ ಒಂದೊಂದಾಗಿ ಎತ್ತತೊಡಗಿದರು. ಕತ್ತರಿ ಮುಟ್ಟಲಿಲ್ಲ. ಹಳೆಯ ದಾರ ತುಂಡಾಗದ ಹಾಗೆ ಬಿಡಿಸುವುದಕ್ಕೆ ಹೊತ್ತು ಹಿಡಿಯುತ್ತದೆ ಎಂದರು. ಹಿಡಿಯಲಿ ಎಂದೆ.

ಆ ಹೊತ್ತಿನಲ್ಲೇ ಹುಡುಗ ಕೇಳಿದ, ‘ಇದು ಯಾವಾಗ ಕೊಂಡದ್ದು, ಅಜ್ಜ?’ ತಾಯಿಗೆ ಕಾಕಾ ಆದವನು ಮಗನಿಗೆ ಅಜ್ಜನೇ ತಾನೆ. ಪ್ರೊಫೆಸರ್ ನಮ್ಮ ಕ್ಷೇತ್ರಕ್ಕೆ ನಿಂತಾಗ ಎಂದೆ. ‘ಯಾವ ಪ್ರೊಫೆಸರ್?’ ಎಂದ.

ಕಾನೂನು ಓದುವ ಹುಡುಗ, ಅದೂ ಧಾರವಾಡ ಜಿಲ್ಲೆಯಲ್ಲಿ ಹುಟ್ಟಿದವನು, ಹೀಗೆ ಕೇಳಿದನಲ್ಲ ಎಂದು ಒಂದು ಕ್ಷಣ ಸಂಕಟವಾಯಿತು. ಆದರೆ ತಪ್ಪು ಅವನದಲ್ಲ. ನಾವು ಹೇಳದಿದ್ದರೆ ಅವರಿಗೆ ಹೇಗೆ ಗೊತ್ತಾಗಬೇಕು? ಸ್ಟೂಲ್ ಎಳೆದುಕೊಂಡು ಕುಳಿತು ಹೇಳಿದೆ.

ಎಂ.ಡಿ. ನಂಜುಂಡಸ್ವಾಮಿ. 1936ರ ಫೆಬ್ರವರಿ 13ರಂದು ಹುಟ್ಟಿದವರು, ಮೈಸೂರು ಸೀಮೆಯವರು. ಯುರೋಪಿನಲ್ಲಿ ಕಾನೂನು ಓದಿ ಬಂದು ಇಲ್ಲಿ ಕಾನೂನು ಪಾಠ ಹೇಳಿದರು. ಲೋಹಿಯಾ ವಿಚಾರಗಳನ್ನು ನೆಚ್ಚಿದ ಸಮಾಜವಾದಿ. ಜಾತಿ ವಿನಾಶದ ಮಾತಾಡುತ್ತಿದ್ದ ಗುಂಪಿನಲ್ಲಿ ಬೆಳೆದವರು. 1980ರಲ್ಲಿ ನಮ್ಮ ನರಗುಂದ, ನವಲಗುಂದದಲ್ಲಿ ಗುಂಡು ಹಾರಿದ ಮೇಲೆ ಅತ್ತ ಶಿವಮೊಗ್ಗದ ಕಡೆ ಎಚ್.ಎಸ್. ರುದ್ರಪ್ಪ, ಎನ್.ಡಿ. ಸುಂದರೇಶ್ ಮೊದಲಾದವರು ಕಟ್ಟಿದ ರೈತ ಸಂಘಕ್ಕೆ ಇವರೂ ಬಂದರು, ಮುಂದೆ ಅದರ ದೊಡ್ಡ ದನಿಯಾದರು. ಸಂಘದಲ್ಲಿ ಎಷ್ಟೋ ಸ್ವಾಮಿಗಳು, ಗೌಡರು, ಪಾಟೀಲರು ಇದ್ದರು. ‘ಪ್ರೊಫೆಸರ್’ ಎಂದರೆ ಮಾತ್ರ ಒಬ್ಬರೇ. ಕೊನೆಯವರೆಗೂ ರೈತರ ಬಾಯಲ್ಲಿ ಅವರಿಗೆ ಅದೇ ಹೆಸರು. ಹಳ್ಳಿಯ ಜನ ಒಬ್ಬ ಮೇಷ್ಟರನ್ನು ನಾಯಕನೆಂದು ಒಪ್ಪಿದ ಮೇಲೂ ಮೇಷ್ಟರೆಂದೇ ಕರೆದರು. ಇದನ್ನು ನೆನೆದಾಗಲೆಲ್ಲ ನನಗೆ ಸಂತೋಷವಾಗುತ್ತದೆ.

ಕಾನೂನು ಗೊತ್ತಿದ್ದವರು ರೈತರ ನಡುವೆ ಬಂದದ್ದರಿಂದ ಏನಾಯಿತು ಎಂಬುದನ್ನು ಹುಡುಗನಿಗೆ ಹೀಗೆ ವಿವರಿಸಿದೆ. ಸಾಲ ವಸೂಲಿಗೆ ಬಂದವರು ಮನೆಯ ಬಾಗಿಲು, ತಾಮ್ರದ ಹಂಡೆ, ನೇಗಿಲು ಜಪ್ತಿ ಮಾಡಿಕೊಂಡು ಹೋಗುವ ಕಾಲ ಅದು. ಸಂಘ ಅದಕ್ಕೆ ‘ಮರುಜಪ್ತಿ’ ಎಂಬ ಹೊಸ ಶಬ್ದವನ್ನೇ ಹುಟ್ಟಿಸಿತು. ಒಯ್ದ ಸಾಮಾನನ್ನು ಊರಿನವರೆಲ್ಲ ಸೇರಿ ಹೋಗಿ ಹಗಲು ಹೊತ್ತಿನಲ್ಲೇ ವಾಪಸು ತರುವುದು. ಅನುಮತಿ ಇಲ್ಲದೆ ಅಧಿಕಾರಿಗಳು ಊರೊಳಗೆ ಬರುವಂತಿಲ್ಲ ಎಂದು ಊರ ಬಾಗಿಲಲ್ಲಿ ಬೋರ್ಡು ಹಾಕುವುದು. ನಮ್ಮೂರಿನ ಆ ಬೋರ್ಡಿಗೆ ಅಕ್ಷರ ಬರೆದವನು ನಾನು. ಆಗ ಬಿ.ಎ. ಮುಗಿಸಿದ್ದೆ. ಸುಣ್ಣ ಬಳಿದ ತಗಡಿನ ಮೇಲೆ ಹಸಿರು ಬಣ್ಣದಲ್ಲಿ ಬರೆದೆ. ‘ಪೂರ್ವಾನುಮತಿ’ ಎಂಬ ಶಬ್ದ ನಮ್ಮೂರಿನ ಗೋಡೆಯ ಮೇಲೆ ಬಂದದ್ದು ಅದೇ ಮೊದಲು. ಅದರ ಅರ್ಥವೇನೆಂದು ಹೆಣ್ಣುಮಕ್ಕಳು ನೀರಿಗೆ ಹೋಗುವಾಗ ನಿಂತು ಕೇಳುತ್ತಿದ್ದರು. ಬರೆದವನಾದ್ದರಿಂದ ನಾನೇ ಅರ್ಥ ಹೇಳಬೇಕಾಗುತ್ತಿತ್ತು. ಹೇಳುತ್ತಾ ಹೇಳುತ್ತಾ ನನಗೂ ಅದು ಸರಿಯಾಗಿ ತಿಳಿಯಿತು. ಮುಂದೆ ನಾನು ಊರಿನ ಗ್ರಂಥಾಲಯದ ಮೇಲ್ವಿಚಾರಕನಾಗಿ ಇಪ್ಪತ್ತೆಂಟು ವರ್ಷ ಕೆಲಸ ಮಾಡಿದೆ. ಅದರ ಬೀಜ ಆ ಬೋರ್ಡಿನಲ್ಲೇ ಇತ್ತು ಎಂದು ಈಗ ಅನ್ನಿಸುತ್ತದೆ.

ಇನ್ನು ಚುನಾವಣೆ. 1989ರಲ್ಲಿ ರೈತ ಸಂಘದ ಬಾಬಾಗೌಡ ಪಾಟೀಲರು ಕಿತ್ತೂರು ಮತ್ತು ಧಾರವಾಡ ಗ್ರಾಮೀಣ ಎರಡೂ ಕಡೆ ಗೆದ್ದರು. ಒಂದನ್ನು ಬಿಡಲೇಬೇಕು, ಧಾರವಾಡ ಗ್ರಾಮೀಣವನ್ನು ಬಿಟ್ಟರು. ಆ ಉಪಚುನಾವಣೆಗೆ ಪ್ರೊಫೆಸರ್ ಬಂದು ನಿಂತರು, ಗೆದ್ದರು. ಮೈಸೂರು ಕಡೆಯ ಮಾತಿನ, ಇಲ್ಲಿ ನೆಂಟರೂ ಇಲ್ಲದ, ಕಾಲೇಜಿನ ಮೇಷ್ಟರನ್ನು ನಮ್ಮ ಧಾರವಾಡದ ಹಳ್ಳಿಗಳು ವಿಧಾನಸಭೆಗೆ ಕಳಿಸಿದವು. ಅಪ್ಪ ಜೋಳ ಮಾರಿದ ಹಣದಲ್ಲಿ ಆ ಶಾಲು ಕೊಂಡದ್ದು ಆಗಲೇ. ಅದಕ್ಕೂ ಮೊದಲು ಹೆಗಲ ಮೇಲೆ ಬಿಳಿ ವಸ್ತ್ರ ಹಾಕಿಕೊಳ್ಳುತ್ತಿದ್ದರು. ಮತ ಹಾಕಿ ಬಂದ ದಿನ ಅವ್ವನಿಗೆ, ಈ ಸಲ ಮೇಷ್ಟರಿಗೆ ಓಟು ಕೊಟ್ಟೆ, ಇನ್ನು ಮೇಲೆ ನಾವೂ ಪಾಠ ಓದಬೇಕಾಗುತ್ತದೆ ಎಂದಿದ್ದರು. ಅಪ್ಪ ಹೆಬ್ಬೆಟ್ಟಿನವರು.

ಪಾಠ ಬಂದೇ ಬಂತು. ಡಂಕೆಲ್ ಪ್ರಸ್ತಾವ ಎಂಬ ಹೆಸರು ನಮ್ಮ ಹಳ್ಳಿಗಳಲ್ಲಿ ಮನೆಮಾತಾಗಿತ್ತು ಎಂದರೆ ಈಗಿನವರು ನಂಬಲಿಕ್ಕಿಲ್ಲ. ದೇಶ ದೇಶಗಳ ನಡುವಿನ ವ್ಯಾಪಾರ ಒಪ್ಪಂದವಾದ ಗ್ಯಾಟ್‌ನ ಮುಖ್ಯಸ್ಥ ಆರ್ಥರ್ ಡಂಕೆಲ್ 1991ರ ಡಿಸೆಂಬರಿನಲ್ಲಿ ಮುಂದಿಟ್ಟ ಕರಡು ಅದು. ಅದರಲ್ಲಿ ಸಸ್ಯದ ತಳಿಗಳಿಗೆ ಪೇಟೆಂಟ್ ಕೊಡಬೇಕು, ಇಲ್ಲವೆ ಬೇರೆಯದೇ ಆದ ರಕ್ಷಣೆಯ ವ್ಯವಸ್ಥೆ ಮಾಡಬೇಕು ಎಂಬ ಸಾಲು ಇತ್ತು. ನೂರಾರು ಪುಟಗಳ ಇಂಗ್ಲಿಷ್ ಕಾಗದದಲ್ಲಿ ಒಂದು ಸಾಲು. ಕಾನೂನು ಓದಿದವರ ಕಣ್ಣಿಗೆ ಅದು ಬಿತ್ತು. ಈ ಸಾಲಿಗೂ ಅವ್ವನ ಗಡಿಗೆಗೂ ಇರುವ ಸಂಬಂಧವನ್ನು ಸಂಘದ ಅಧ್ಯಯನ ಶಿಬಿರಗಳಲ್ಲಿ ಬಿಡಿಸಿ ಬಿಡಿಸಿ ಹೇಳಿದರು. ಅಪ್ಪ ಅಂಥ ಒಂದು ಶಿಬಿರಕ್ಕೆ ಹೋಗಿ ಬಂದು, ಶಾಲಿನ ಮೂಲೆ ಹಿಡಿದು ತೋರಿಸಿ, ‘ಈ ಗಂಟಿಗೆ ಬಾಡಿಗೆ ಕೇಳುತ್ತಾರಂತೆ’ ಎಂದರು. ಡಂಕೆಲ್ ಪ್ರಸ್ತಾವವನ್ನು ಅದಕ್ಕಿಂತ ಚೆನ್ನಾಗಿ ಯಾರಾದರೂ ಹೇಳಿದ್ದನ್ನು ನಾನು ಇಲ್ಲಿಯವರೆಗೆ ಕೇಳಿಲ್ಲ.

1992ರ ಡಿಸೆಂಬರ್ ಕೊನೆಯಲ್ಲಿ ಬೆಂಗಳೂರಿನ ಕಾರ್ಗಿಲ್ ಬೀಜ ಕಂಪನಿಯ ಕಚೇರಿಗೆ ರೈತರು ನುಗ್ಗಿ ಕಾಗದಪತ್ರಗಳನ್ನು ಬೀದಿಗೆ ಎಸೆದು ಸುಟ್ಟರು. ಪ್ರೊಫೆಸರ್ ಆಗ ನಮ್ಮ ಶಾಸಕರು. ಮರುವರ್ಷ ಬಳ್ಳಾರಿ ಜಿಲ್ಲೆಯಲ್ಲಿ ಅದೇ ಕಂಪನಿಯ ಬೀಜ ಘಟಕದ ಮೇಲೆ ದಾಳಿ ನಡೆಯಿತು. ಶಾಸಕರಾದವರು ಹೀಗೆ ಮಾಡಬಹುದೇ ಎಂಬ ಚರ್ಚೆ ನಮ್ಮ ಕಟ್ಟೆಯ ಮೇಲೆ ವಾರಗಟ್ಟಲೆ ನಡೆಯಿತು. ನನ್ನ ಅಭಿಪ್ರಾಯ ಆಗಲೂ ಈಗಲೂ ಒಂದೇ. ಸುಡುವುದು ನನಗೆ ಒಪ್ಪಿಗೆಯಾಗಲಿಲ್ಲ. ಆದರೆ ಆ ಬೆಂಕಿ ಇಲ್ಲದಿದ್ದರೆ ಬೀಜದ ಮಾತು ದಿಲ್ಲಿಯ ಕಿವಿಗೆ ಬೀಳುವುದು ಬಹಳ ತಡವಾಗುತ್ತಿತ್ತು ಎಂಬುದನ್ನೂ ಒಪ್ಪುತ್ತೇನೆ. 1993ರ ಅಕ್ಟೋಬರಿನಲ್ಲಿ ಬೆಂಗಳೂರಿನಲ್ಲಿ ಬೀಜ ಸತ್ಯಾಗ್ರಹದ ದೊಡ್ಡ ಸಮಾವೇಶ ನಡೆದಾಗ ಅಪ್ಪ ರೈಲಿನಲ್ಲಿ ಹೋದರು. ಎರಡು ಸೀಟುಗಳ ನಡುವೆ ನೆಲದ ಮೇಲೆ ಇದೇ ಶಾಲು ಹಾಸಿ ಮಲಗಿದ್ದರಂತೆ.

ಹುಡುಗ ಕೇಳುತ್ತಾ ಕೇಳುತ್ತಾ ಮೊಬೈಲ್ ತೆಗೆದಿದ್ದ. ‘ಅಜ್ಜ, ಇದು ನಮಗೆ ಪಾಠವಾಗಿದೆ’ ಎಂದು 2001ರ ಸಸ್ಯ ತಳಿಗಳ ಸಂರಕ್ಷಣೆ ಮತ್ತು ರೈತರ ಹಕ್ಕುಗಳ ಕಾಯ್ದೆಯ 39ನೆಯ ಸೆಕ್ಷನ್ ತೆರೆದು, ಗಟ್ಟಿಯಾಗಿ ಕನ್ನಡ ಮಾಡಿ ಓದಿದ. ಬೆಳೆದದ್ದನ್ನು, ಬೀಜವೂ ಸೇರಿ, ರೈತ ಉಳಿಸಿಕೊಳ್ಳಬಹುದು, ಬಳಸಬಹುದು, ಬಿತ್ತಬಹುದು, ಮತ್ತೆ ಬಿತ್ತಬಹುದು, ಅದಲುಬದಲು ಮಾಡಬಹುದು, ಹಂಚಬಹುದು, ಮಾರಬಹುದು. ಆದರೆ ರಕ್ಷಣೆ ಪಡೆದ ತಳಿಯ ಬೀಜವನ್ನು ಬ್ರ್ಯಾಂಡಿನ ಹೆಸರು ಹಚ್ಚಿ ಮಾರುವಂತಿಲ್ಲ. ಈ ಕಾಯ್ದೆಯನ್ನು ಪ್ರೊಫೆಸರ್ ಒಬ್ಬರೇ ತಂದರು ಎಂದು ನಾನು ಹೇಳುವುದಿಲ್ಲ. ದೇಶದ ತುಂಬ ಅದಕ್ಕಾಗಿ ದುಡಿದವರಿದ್ದಾರೆ. ಆದರೆ ಆ ಏಳು ಕ್ರಿಯಾಪದಗಳನ್ನು ಆ ಅಂಗಡಿಯಲ್ಲಿ ಒಂದೊಂದಾಗಿ ಕೇಳುವಾಗ ನನ್ನ ಕಣ್ಣು ಶಾಲಿನ ಜೋತುಬಿದ್ದ ಮೂಲೆಯ ಮೇಲೆಯೇ ಇತ್ತು. ಅಪ್ಪ ಈ ಏಳನ್ನೂ ಮಾಡಿದ್ದರು.

ಅಷ್ಟರಲ್ಲಿ ತಾಯಿ ‘ಇಲ್ಲಿ ನೋಡಿ’ ಎಂದರು. ಮಡಿಕೆ ಬಿಚ್ಚಿತ್ತು. ಒಳಗೆ, ಬೆರಳಿನ ಅರ್ಧದಷ್ಟು ಅಗಲದ ಪಟ್ಟಿಯಲ್ಲಿ, ಬಿಸಿಲು ಕಾಣದೆ ಉಳಿದ ಹಸಿರು ಇತ್ತು. ಎಳೆಯ ಬತ್ತದ ಹಸಿರಲ್ಲ, ಕಡುವಾದ, ಮುಂಗಾರಿನಲ್ಲಿ ಮಳೆ ನಿಂತ ಮರುದಿನ ಹೆಸರುಕಾಳಿನ ಹೊಲ ಕಾಣುವಂಥ ಹಸಿರು. ಪಕ್ಕದಲ್ಲೇ ತಿಳಿಯಾದ ಬಟ್ಟೆ. ಎರಡರ ನಡುವೆ ಗೆರೆ ಎಳೆದ ಹಾಗಿತ್ತು. ನಾನು ಆ ಬಣ್ಣವನ್ನು ಮರೆತಿದ್ದೆ. ಕಂಡ ಕೂಡಲೇ ಅಪ್ಪ ಆ ಶಾಲು ಹೊದ್ದು ಮೊದಲ ಸಲ ಅಂಗಳಕ್ಕೆ ಬಂದು ನಿಂತದ್ದು ನೆನಪಾಯಿತು. ಸ್ವಲ್ಪ ಹೊತ್ತು ಮಾತು ಬರಲಿಲ್ಲ. ಆ ಹೆಣ್ಣುಮಗಳು ನೀರಿನ ಲೋಟ ಮುಂದಿಟ್ಟರು, ಏನೂ ಕೇಳಲಿಲ್ಲ.

ಆಮೇಲೆ ಬಣ್ಣದ ವಿಷಯ ತಿಳಿಸಿ ಹೇಳಿದರು. ಇದನ್ನು ಹೇಳಬೇಕಾದದ್ದು ಮುಖ್ಯ, ಏಕೆಂದರೆ 90 ಮತ್ತು 420ರ ನಡುವಿನ ಅಂತರ ಇಲ್ಲೇ ಇದೆ. ಅಗ್ಗದ ಶಾಲಿನಲ್ಲಿ ಬಣ್ಣ ನೂಲಿನ ಮೇಲೆ ಕುಳಿತಿರುತ್ತದೆ, ನೀರು ಕಂಡರೆ ಎದ್ದು ಹೋಗುತ್ತದೆ. ಅಪ್ಪನ ಶಾಲಿನದು ವ್ಯಾಟ್ ಬಣ್ಣ. ಅದು ನೀರಿನಲ್ಲಿ ಕರಗುವುದೇ ಇಲ್ಲ. ಕಾಸ್ಟಿಕ್ ಸೋಡಾ, ಹೈಡ್ರೋಸ್ ಹಾಕಿ ಬಿಸಿ ಮಾಡಿ ಅದನ್ನು ಕರಗುವಂತೆ ಮಾಡಬೇಕು. ಆ ತೊಟ್ಟಿಯಲ್ಲಿ ನೂಲಿನ ಲಡಿಗಳನ್ನು ಅದ್ದಬೇಕು. ಅದ್ದಿ ಎತ್ತಿದಾಗ ಲಡಿ ನೀಲಿಯಾಗಿ ಕಾಣುತ್ತದೆಯಂತೆ. ಗಾಳಿ ತಗುಲಿದ ಹಾಗೆ, ನೋಡುತ್ತಿದ್ದಂತೆಯೇ, ಹಸಿರಾಗುತ್ತದೆ. ಆಗ ಬಣ್ಣ ನೂಲಿನ ಒಳಗೇ ಮತ್ತೆ ಕರಗದ ರೂಪಕ್ಕೆ ಬಂದು ಸಿಕ್ಕಿಬೀಳುತ್ತದೆ, ಹೊರಗೆ ಬರಲು ದಾರಿ ಇರುವುದಿಲ್ಲ. ನೇಯ್ದ ಬಟ್ಟೆಗೆ ಬಣ್ಣ ಹಾಕುವುದಲ್ಲ, ಮೊದಲು ನೂಲಿಗೆ ಹಾಕಿ ಆಮೇಲೆ ನೇಯುವುದು. ಹಾಸಿಗೂ ಹೊಕ್ಕಿಗೂ ಒಂದೇ ತೊಟ್ಟಿಯ ನೂಲು. ಕೆಲಸ ಹೆಚ್ಚು, ಕಟ್ಟಿಗೆ ಹೆಚ್ಚು, ಕೈ ಸುಡುವ ಕೆಲಸ. ಬೆಟಗೇರಿಯಲ್ಲಿ ಇದನ್ನು ಈಗಲೂ ಮಾಡುವ ಮನೆಯೊಂದು ಅವರಿಗೆ ಗೊತ್ತು. ಮಡಿಕೆಯೊಳಗಿನ ಆ ಪಟ್ಟಿಯಿಂದ ನಾಲ್ಕು ಎಳೆ ನೂಲನ್ನು, ನನ್ನನ್ನು ಕೇಳಿ, ಬಿಡಿಸಿಕೊಂಡು ಬಿಳಿ ಕಾಗದಕ್ಕೆ ಅಂಟಿಸಿ ಮಾದರಿಗೆ ಇಟ್ಟುಕೊಂಡರು. ಬಿಚ್ಚಿದ ತುದಿಯನ್ನು ಅದೇ ಹಳೆಯ ತೂತುಗಳಲ್ಲಿ ಸೂಜಿ ಹಾಯಿಸಿ ಹೊಲಿದು ವಾಪಸು ಕೊಟ್ಟರು. ಆ ಹೊಲಿಗೆಗೆ ದುಡ್ಡು ತೆಗೆದುಕೊಳ್ಳಲಿಲ್ಲ.

ಇಲ್ಲಿ ಒಂದು ಮಾತು ಸೇರಿಸಬೇಕು. ನಮ್ಮ ಸೀಮೆಗೆ ಬಣ್ಣ ಗಟ್ಟಿಯಾಗಿರಬೇಕು ಎಂಬ ವಿದ್ಯೆ ಹೊಸದಲ್ಲ. ಧಾರವಾಡ ತಾಲ್ಲೂಕಿನ ಗರಗದಲ್ಲಿ ರಾಷ್ಟ್ರಧ್ವಜದ ಖಾದಿ ನೇಯುತ್ತಾರೆ, ಹುಬ್ಬಳ್ಳಿಯ ಬೆಂಗೇರಿಯಲ್ಲಿ ಧ್ವಜವನ್ನೇ ತಯಾರಿಸುತ್ತಾರೆ. ಆ ಬಟ್ಟೆಯ ಬಣ್ಣ ಬಿಸಿಲಿಗೆ, ನೀರಿಗೆ ಎಷ್ಟು ತಡೆಯುತ್ತದೆ ಎಂದು ಪರೀಕ್ಷೆಯಾಗಿಯೇ ಹೊರಗೆ ಬರಬೇಕು. ಇಂಥ ನೆಲದಲ್ಲಿ ಇದ್ದುಕೊಂಡು ಕಾಲು ಗಂಟೆಯ ಮಳೆಗೆ ಕರಗುವ ಹಸಿರನ್ನು ಹುತಾತ್ಮರ ಮುಂದೆ ಹೊದ್ದು ನಿಂತೆವಲ್ಲ ಎಂಬ ನೋವೇ ನನ್ನನ್ನು ಇಷ್ಟು ತಿರುಗಿಸಿದ್ದು.

ಜುಲೈ 16ಕ್ಕೆ ಶಾಲು ತರಲು ಹೋದೆ. ಅವರೇ ಪರೀಕ್ಷೆ ಮಾಡಿ ತೋರಿಸಿದರು. ಬಿಳಿ ಧೋತರದ ತುಂಡನ್ನು ಉಪ್ಪು ನೀರಿನಲ್ಲಿ ಅದ್ದಿ ಶಾಲಿನ ಮೇಲೆ ಗಟ್ಟಿಯಾಗಿ ಐವತ್ತು ಸಲ ಉಜ್ಜಿದರು. ಉಪ್ಪು ಯಾಕೆಂದರೆ ಬೆವರಿನ ಲೆಕ್ಕ. ತುಂಡು ಬಿಳಿಯಾಗಿಯೇ ಇತ್ತು. ತಕ್ಕಡಿಯಲ್ಲಿ ಇಟ್ಟರೆ ಒಂದು ಶಾಲು 230 ಗ್ರಾಂ. ಹೆಗಲ ಮೇಲೆ ನಿಲ್ಲುವಷ್ಟು ಭಾರ, ಬೇಸಿಗೆಯಲ್ಲಿ ತಲೆಗೆ ಸುತ್ತಿದರೆ ಕಾಯದಷ್ಟು ಹಗುರ. ಅಪ್ಪನ ಶಾಲು ಇದಕ್ಕಿಂತ ತುಸು ಒರಟು. ಹೊಸದು ಮೊದಲ ಒಗೆತದವರೆಗೆ ಗಂಜಿಯ ಬಿರುಸು ಇಟ್ಟುಕೊಂಡಿರುತ್ತದೆ, ಎರಡನೆಯ ಒಗೆತಕ್ಕೆ ಮೆತ್ತಗಾಗುತ್ತದೆ. ಪಾಲಿಯೆಸ್ಟರ್ ಬೆರೆತ ಶಾಲು ಕುತ್ತಿಗೆಗೆ ಅಂಟಿಕೊಂಡು ಉರಿಯುವುದನ್ನು ಅನುಭವಿಸಿದವರಿಗೆ ವ್ಯತ್ಯಾಸ ಹೇಳಬೇಕಾಗಿಲ್ಲ.

ಕೊರತೆಗಳನ್ನೂ ಹೇಳುತ್ತೇನೆ. 32ರಲ್ಲಿ ಎರಡು ಶಾಲು ನಾಲ್ಕು ಇಂಚು ಗಿಡ್ಡವಾಗಿದ್ದವು. ತೋರಿಸಿದಾಗ ವಾದ ಮಾಡದೆ ಆ ಎರಡಕ್ಕೆ 40 ರೂಪಾಯಿ ಕಡಿಮೆ ಮಾಡಿದರು, ಬೇಡವಾದರೆ ಬಿಟ್ಟು ಹೋಗಿ ಎಂದರು. ಗಿಡ್ಡ ಆಳುಗಳಿಗೆ ಆಗುತ್ತದೆ ಎಂದು ತಂದೆ. ಕುಚ್ಚು ಕಟ್ಟಿದ್ದು ಕೆಲವು ಕಡೆ ಸಡಿಲಾಗಿತ್ತು, ಮನೆಯಲ್ಲಿ ಬಿಗಿ ಮಾಡಿಕೊಂಡೆವು. ಮುಂಗಡ ಅರ್ಧ ಹಣ ಕೊಡಬೇಕು. ಹೇಳಿದ ದಿನಕ್ಕಿಂತ ಆರು ದಿನ ತಡವಾಯಿತು. ನೂಲು ಒಣಗಲು ಬಿಸಿಲು ಬೇಕು, ಜೂನ್ ಕೊನೆಯ ವಾರ ಗದಗಿನ ಕಡೆ ಮೋಡ ಬಿಡಲಿಲ್ಲ ಎಂದರು. ಇದನ್ನು ನಂಬಿದೆ, ಹೊಲದಲ್ಲಿ ಕೆಲಸ ಮಾಡುವವನಿಗೆ ಮೋಡದ ಮಾತು ಅರ್ಥವಾಗುತ್ತದೆ. ಆದರೆ ಮದುವೆ, ಸಭೆ ಎಂದು ದಿನ ನಿಗದಿಯಾಗಿರುವವರು ಎರಡು ತಿಂಗಳು ಮೊದಲೇ ಹೇಳಬೇಕು. ಓಣಿಯಲ್ಲಿ ಗಾಡಿ ನಿಲ್ಲಿಸಲು ಜಾಗವಿಲ್ಲ. ಮಾಲು ತರುವಾಗ ಒಬ್ಬ ಜೊತೆಗಿದ್ದರೆ ಒಳ್ಳೆಯದು.

ಬೆಲೆಯ ಬಗ್ಗೆ ಮತ್ತೊಮ್ಮೆ. ನಮ್ಮ ಸಂಘದ ಹುಡುಗರಲ್ಲಿ ಕೆಲವರಿಗೆ 420 ಒಂದೇ ಸಲಕ್ಕೆ ಕೊಡುವುದು ಕಷ್ಟ. ಮೂರು ಕಂತು ಮಾಡಿಕೊಂಡೆವು. ಒಬ್ಬಾಕೆ, ಗಂಡನಿಲ್ಲದೆ ಮೂರು ಎಕರೆ ನಡೆಸುವವಳು, ಪೂರ್ತಿ ಹಣವನ್ನು ಮೊದಲ ದಿನವೇ ತಂದು ಕೊಟ್ಟಳು. ‘ಅಣ್ಣಾ, ವರ್ಷಕ್ಕೊಂದು ಅಗ್ಗದ್ದು ಕೊಂಡು ಎಸೆದರೆ ಐದು ವರ್ಷಕ್ಕೆ ಇದಕ್ಕಿಂತ ಹೆಚ್ಚಾಗುತ್ತದೆ’ ಎಂದಳು. ಅವಳ ಲೆಕ್ಕ ಸರಿಯಾಗಿದೆ.

ಈ ವರ್ಷದ ಜುಲೈ 21ಕ್ಕೆ ನವಲಗುಂದದಲ್ಲಿ ಮತ್ತೆ ಮಳೆ ಬಂತು, ಕಳೆದ ಸಲಕ್ಕಿಂತ ಜೋರಾಗಿ. ಯಾರೂ ಓಡಲಿಲ್ಲ. ಕಳೆದ ವರ್ಷ ಶಾಲು ಹಿಂಡಿದ್ದ ಆ ಹಿರಿಯರು ಈ ಸಲವೂ ಬಂದಿದ್ದರು, ಬಿಳಿ ಅಂಗಿ ಹಾಕಿಕೊಂಡೇ ಬಂದಿದ್ದರು. ಮಳೆ ನಿಂತ ಮೇಲೆ ಶಾಲು ತೆಗೆದು ಹಿಂಡಿದರು. ನೀರು ನೀರಾಗಿಯೇ ಹರಿಯಿತು. ಅಂಗಿಯ ಕಾಲರನ್ನು ಎಳೆದು ಎಲ್ಲರಿಗೂ ತೋರಿಸಿದರು, ಬಿಳಿ. ನನ್ನ ಭುಜ ತಟ್ಟಿದರು.

ಅಲ್ಲಿ ಸೇರುವವರು ಈಗ ಒಂದೇ ಸಂಘದವರಲ್ಲ. ಪ್ರೊಫೆಸರ್ ಇದ್ದಾಗಲೇ ಬಣಗಳಾದವು. 2004ರ ಫೆಬ್ರವರಿ 3ರಂದು ಕ್ಯಾನ್ಸರ್‌ನಿಂದ ಅವರು ತೀರಿಕೊಂಡ ಮೇಲೆ ಇನ್ನೂ ಹೆಚ್ಚಾದವು. ವಿಧಾನಸಭೆಯಲ್ಲಿ ಆಮೇಲೆ ಕೆ.ಎಸ್. ಪುಟ್ಟಣ್ಣಯ್ಯನವರು ಹಸಿರು ಶಾಲು ಹೊದ್ದು ಕುಳಿತರು, ಈಗ ಅವರ ಮಗ ಇದ್ದಾರೆ. ಚಾಮರಾಜನಗರ ಜಿಲ್ಲೆಯ ಅಮೃತಭೂಮಿಯಲ್ಲಿ ಪ್ರೊಫೆಸರ್ ಅವರ ಮಗಳು ನಾಟಿ ಬೀಜ, ಸಹಜ ಕೃಷಿಯ ಕೆಲಸ ಮುಂದುವರಿಸಿದ್ದಾರೆ. ಧಾರವಾಡ ಗ್ರಾಮೀಣದಿಂದ ಮಾತ್ರ ಅಂಥ ಮೇಷ್ಟರು ಮತ್ತೆ ಆರಿಸಿ ಹೋಗಲಿಲ್ಲ. ಬಣಗಳ ಜಗಳದಲ್ಲಿ ನನಗೆ ಆಸಕ್ತಿ ಇಲ್ಲ. ಈ ಅಂಗಡಿಗೆ ಎಲ್ಲ ಬಣದವರೂ ಹೋಗಲಿ, ಒಂದೇ ತೊಟ್ಟಿಯ ನೂಲಿನ ಶಾಲು ತರಲಿ ಎಂಬುದು ನನ್ನ ಮನಸ್ಸಿನ ಆಸೆ.

ಅಂಗಡಿ ಬೆಳಿಗ್ಗೆ ಹತ್ತೂವರೆಗೆ ತೆರೆಯುತ್ತದೆ, ರಾತ್ರಿ ಎಂಟಕ್ಕೆ ಮುಚ್ಚುತ್ತದೆ, ಭಾನುವಾರ ರಜೆ. ಹತ್ತು ಶಾಲಿಗಿಂತ ಕಡಿಮೆಯಾದರೆ ಹೊಸದಾಗಿ ನೇಯಿಸುವುದಿಲ್ಲ, ಇದ್ದದ್ದರಲ್ಲಿ ಆರಿಸಿಕೊಳ್ಳಬೇಕು. ಹುಡುಗ ಇದ್ದರೆ ಅವನೊಡನೆ ನಾಲ್ಕು ಮಾತಾಡಿ. ನಾನು ಎರಡನೆಯ ಸಲ ಹೋದಾಗ ಪ್ರೊಫೆಸರ್ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿಕೊಂಡು, ನನಗೆ ಗೊತ್ತಿಲ್ಲದ ಪ್ರಶ್ನೆಗಳನ್ನು ಬರೆದಿಟ್ಟುಕೊಂಡು ಕಾಯುತ್ತಿದ್ದ. ನಿಮ್ಮ ಮನೆಯಲ್ಲಿ ಅಜ್ಜನದೋ ಅಪ್ಪನದೋ ಹಳೆಯ ಶಾಲು ಇದ್ದರೆ, ಎಷ್ಟೇ ಮಾಸಿರಲಿ, ಜೊತೆಗೆ ತೆಗೆದುಕೊಂಡು ಹೋಗಿ. ಮಡಿಕೆ ಬಿಚ್ಚಿ ನೋಡುತ್ತಾರೆ.